ಬೋಳುಗುಡ್ಡದ ಮೂರು ಕಲ್ಲು

ಚಿತ್ರದುರ್ಗದ ನಮ್ಮ ಭೂವಿಜ್ಞಾನದ ಆಫೀಸಿನಲ್ಲಿ ಕಲ್ಲುಕೋಣೆ ಎಂದು ಒಂದಿದೆ. ಹೊಸದಾಗಿ ಕೆಲಸಕ್ಕೆ ಸೇರಿದವರು ಅದರ ಬಾಗಿಲು ತೆರೆದರೆ ಮೊದಲು ಸೀನು ಬರುತ್ತದೆ, ಆಮೇಲೆ ಕಲ್ಲು ಕಾಣುತ್ತದೆ. ಮರದ ಟ್ರೇಗಳು, ಟ್ರೇಗಳಲ್ಲಿ ಮುಷ್ಟಿ ಗಾತ್ರದ ಕಲ್ಲುಗಳು, ಒಂದೊಂದರ ಮೇಲೂ ಬಿಳಿ ಬಣ್ಣದ ಬೊಟ್ಟು, ಬೊಟ್ಟಿನ ಮೇಲೆ ಕಪ್ಪು ಶಾಯಿಯಲ್ಲಿ ನಂಬರು. ಒಂಬತ್ತರ ಬಾಲ ಒಳಕ್ಕೆ ಸುರುಳಿ ಸುತ್ತಿದ್ದರೆ ಅದು ನನ್ನ ಕೈಬರಹ. ಇಪ್ಪತ್ತಾರು ವರ್ಷ ಆ ಕೋಣೆಯಲ್ಲಿದ್ದೆ. ಭೂವಿಜ್ಞಾನಿಗಳು ಬೆಟ್ಟ ಹತ್ತಿ ಕಲ್ಲು ಒಡೆದು ತರುತ್ತಿದ್ದರು. ನಾನು ಅದನ್ನು ತೊಳೆದು, ಒಣಗಿಸಿ, ನಂಬರು ಬರೆದು, ರಿಜಿಸ್ಟರಿಗೆ ಏರಿಸಿ, ಟ್ರೇಯಲ್ಲಿ ಇಡುತ್ತಿದ್ದೆ. ಕೇಳುವುದಕ್ಕೆ ಪಾತ್ರೆ ತೊಳೆಯುವ ಕೆಲಸದಂತೆಯೇ ಇದೆ. ಆದರೆ ನಂಬರು ತಪ್ಪಿದರೆ ಹಿರಿಯೂರಿನ ಬೆಟ್ಟ ಹೊಳಲ್ಕೆರೆಗೆ ಹೋಗಿ ಕೂರುತ್ತದೆ, ಮತ್ತೆ ಎಬ್ಬಿಸುವವರು ಯಾರು?

ಆದ್ದರಿಂದ ಈಗ ಆ ಕೋಣೆಯ ಬೀಗದ ಕೈ ಹಿಡಿದಿರುವ ಮಕ್ಕಳಿಗೆ ನಾನು ಹೇಳುವುದು ಒಂದೇ. ಅನುಮಾನ ಪಡಿ. ಚೀಲದ ಮೇಲೆ ಅನುಮಾನ ಪಡಿ, ಚೀಟಿಯ ಮೇಲೆ ಪಡಿ, ತಂದವರ ಮೇಲೂ ಪಡಿ. ಈ ಪಟ್ಟಿಯಲ್ಲಿ ಇನ್ನೂ ಒಂದು ಹೆಸರಿದೆ. ಅದನ್ನು ನಾನು ಬಹಳ ತಡವಾಗಿ ಸೇರಿಸಿದೆ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ಬರೆಯುತ್ತಿರುವುದು ಫೋನಿನಲ್ಲಿ. ಮೊಮ್ಮಗಳು ಕಲಿಸಿ ಹದಿನೈದು ದಿನವಾಯಿತು. ಒಂದು ಪದ ಒತ್ತಿ ಮುಗಿಸುವಷ್ಟರಲ್ಲಿ ಮುಂದಿನ ಪದ ಯಾವುದೆಂದು ಅದೇ ಊಹಿಸಿ ತೋರಿಸುತ್ತದೆ. ನಾನು ಏನು ಹೇಳಲಿದ್ದೇನೆ ಎಂದು ಇದಕ್ಕೆ ಯಾರು ಹೇಳಿದರೋ ತಿಳಿಯದು. ಅದು ತೋರಿಸಿದ್ದನ್ನು ಬಿಟ್ಟು ಬೇರೆಯದನ್ನೇ ಒತ್ತುತ್ತಿದ್ದೇನೆ.

ನಮ್ಮ ಯಜಮಾನರು ಅದೇ ಆಫೀಸಿನಲ್ಲಿ ಅಳತೆಯ ಸರಪಳಿ ಹಿಡಿಯುತ್ತಿದ್ದವರು. ಅವರು ತೀರಿಕೊಂಡ ಮೇಲೆ ಅನುಕಂಪದ ಆಧಾರದಲ್ಲಿ ನನಗೆ ಕೆಲಸ ಕೊಟ್ಟರು. ಅನುಕಂಪ ಎಷ್ಟಿತ್ತೋ ಗೊತ್ತಿಲ್ಲ, ಆಫೀಸಿನಲ್ಲಿ ಎಲ್ಲಕ್ಕಿಂತ ಹೆಚ್ಚು ದೂಳಿದ್ದ ಕೋಣೆಯನ್ನಂತೂ ಕೊಟ್ಟರು. ನಾನು ತಾಳ್ಯದ ಕಡೆಯವಳು, ಕುರಿ ಸಾಕುವವರ ಮನೆಯ ಮಗಳು. ಏಳನೇ ಕ್ಲಾಸಿನವರೆಗೆ ಓದಿದ್ದೆ. ಇನ್ನೂರು ಕುರಿಯ ಮಂದೆಯಲ್ಲಿ ಪಕ್ಕದ ಮಂದೆಯ ಒಂದು ಕುರಿ ನುಗ್ಗಿದ್ದರೆ ಮುಖ ನೋಡಿಯೇ ಕಿವಿ ಹಿಡಿದು ಎಳೆದು ಹಾಕುತ್ತಿದ್ದೆ. ಈ ಮಾತು ನೆನಪಿಟ್ಟುಕೊಳ್ಳಿ. ನನ್ನನ್ನು ಕೆಡಿಸಿದ್ದು ಇದೇ ವಿದ್ಯೆ.

ಮೊದಲ ದಿನ ದೊಡ್ಡ ಸಾಹೇಬರು ಕೋಣೆಗೆ ಬಂದು ಟ್ರೇಯಿಂದ ಒಂದು ಕಲ್ಲು ಎತ್ತಿಕೊಂಡು ನಾಲಿಗೆ ಚಾಚಿ ನೆಕ್ಕಿಬಿಟ್ಟರು. ಕನ್ನಡಕ, ಇಸ್ತ್ರಿ ಮಾಡಿದ ಅಂಗಿ, ಜೇಬಿನಲ್ಲಿ ಎರಡು ಪೆನ್ನು, ಬಾಯಲ್ಲಿ ಕಲ್ಲು.

"ಸಾರ್, ನಮ್ಮ ಕುರಿಗಳೂ ಹಿಂಗೇ ಬಂಡೆ ನೆಕ್ತವೆ," ಎಂದೆ. "ಮೈಯಾಗೆ ಉಪ್ಪು ಕಮ್ಮಿ ಆದ್ರೆ."

"ನನಗೆ ಉಪ್ಪು ಕಮ್ಮಿ ಆಗಿಲ್ಲ ಕೆಂಚಮ್ಮ, ಜಾಸ್ತಿನೇ ಆಗಿದೆ ಅಂತ ಡಾಕ್ಟರ್ ಹೇಳ್ತಾರೆ. ಒಣಗಿದ ಕಲ್ಲು ಬಣ್ಣ ಮುಚ್ಚಿಡುತ್ತೆ. ಒದ್ದೆಯಾದಾಗಲೇ ಅದರ ನಿಜವಾದ ಬಣ್ಣ ಕಾಣೋದು. ನೀನೂ ನೋಡು."

ಸುತ್ತ ಯಾರೂ ಇಲ್ಲವೆಂದು ಖಾತ್ರಿ ಮಾಡಿಕೊಂಡು ನಾನೂ ನೆಕ್ಕಿದೆ. ಬೂದಿಯಂತಿದ್ದ ಕಲ್ಲಿನ ಒಳಗಿಂದ ಹಸಿರು ಎದ್ದು ಬಂತು. ಅವತ್ತಿನಿಂದ ನನಗೆ ಒಣಗಿದ ಯಾವುದರ ಮೇಲೂ ನಂಬಿಕೆ ಉಳಿಯಲಿಲ್ಲ.

ಅವರೇ ನನ್ನನ್ನು ಒಂದು ಸಲ ಹಿರಿಯೂರು ತಾಲ್ಲೂಕಿನ ಮರಡಿಹಳ್ಳಿಗೆ ಕರೆದುಕೊಂಡು ಹೋದರು. ಬಯಲಲ್ಲಿ ದಿಂಬು ಪೇರಿಸಿಟ್ಟಂತೆ ಬಂಡೆಗಳು. ಇದು ಜ್ವಾಲಾಮುಖಿಯ ಲಾವಾ, ಸಮುದ್ರದ ತಳದಲ್ಲಿ ಉಕ್ಕಿದ್ದು ಎಂದರು. ನಾನು ಸುತ್ತ ನೋಡಿದೆ. ಜಾಲಿಗಿಡ, ಎರಡು ಮೇಕೆ, ಬಿಸಿಲು.

"ಸಮುದ್ರ ಎಲ್ಲೈತೆ ಸಾರ್?"

"ಹೋಯ್ತು. ಕೋಟಿಗಟ್ಟಲೆ ವರ್ಷ ಆಯ್ತು."

"ಬೆಂಕಿ ಬೆಟ್ಟ?"

"ಅದೂ ಹೋಯ್ತು. ಈಗ ನಮ್ಮ ದೇಶದಲ್ಲಿ ಹೊಗೆ ಬಿಡೋ ಬೆಟ್ಟ ಅಂದ್ರೆ ಅಂಡಮಾನ್ ಕಡೆ ಸಮುದ್ರದಲ್ಲಿರೋದು ಒಂದೇ."

ಇದ್ದ ಸಾಕ್ಷಿಗಳೆಲ್ಲ ಹೋಗಿವೆ, ಆದರೂ ನಂಬು ಅನ್ನುತ್ತಾರಲ್ಲ ಎಂದುಕೊಂಡೆ. ಆಗ ಸಾಹೇಬರು ವಿವರಿಸಿದರು: ಕುದಿಯುವ ಲಾವಾ ತಣ್ಣೀರಿಗೆ ಬಿದ್ದ ಕೂಡಲೇ ಮೇಲೊಂದು ಸಿಪ್ಪೆ ಕಟ್ಟುತ್ತದೆ, ಒಳಗಿನದು ದುಂಡಗೆ ಉಬ್ಬುತ್ತದೆ. ನನಗೆ ಥಟ್ಟನೆ ಹೊಳೆಯಿತು. "ಬೆಲ್ಲದ ಪಾಕ ಹದ ನೋಡಾಕೆ ತಟ್ಟೆ ನೀರಿಗೆ ಬಿಡ್ತೀವಲ್ಲ ಸಾರ್, ಉಂಡೆ ಆಗ್ತೈತಲ್ಲ, ಹಂಗೆ." ಅವರು ಜೇಬಿನ ಪೆನ್ನು ತೆಗೆದು ಬರೆದುಕೊಂಡರು. ಮುಂದೆ ಕಾಲೇಜು ಹುಡುಗರು ಬಂದಾಗಲೆಲ್ಲ ಪಾಕದ ಉದಾಹರಣೆಯನ್ನೇ ಕೊಟ್ಟರು. ಯಾರು ಹೇಳಿದ್ದು ಎಂದು ಒಂದು ದಿನವೂ ಹೇಳಲಿಲ್ಲ. ನಾನು ಬಾಗಿಲ ಹಿಂದೆ ನಿಂತು ಇದು ಎಷ್ಟನೆಯ ಸಲ ಎಂದು ಎಣಿಸುತ್ತಿದ್ದೆ.

ಅವತ್ತು ಅವರು ತೋರಿಸಿದ ಇನ್ನೊಂದು ಗುರುತನ್ನೂ ಹೇಳಿಬಿಡುತ್ತೇನೆ, ಮುಂದೆ ಬೇಕಾಗುತ್ತದೆ. ಆ ಲಾವಾ ಕಲ್ಲಿನ ಮೈಮೇಲೆ ಸಾಸಿವೆ ಕಾಳಿನಷ್ಟು ಸಣ್ಣ ಸಣ್ಣ ತೂತುಗಳಿರುತ್ತವೆ. ಒಳಗಿದ್ದ ಗಾಳಿಗುಳ್ಳೆ ಆರಿ ಉಳಿದ ಗೂಡುಗಳು ಅವು.

ಅನುಮಾನ ನಮಗೆ ಮಾತ್ರ ಇತ್ತು ಅಂದುಕೊಳ್ಳಬೇಡಿ. ನಮ್ಮ ಮೇಲೆ ಊರಿನವರಿಗೆ ಇನ್ನೂ ಹೆಚ್ಚಿತ್ತು. ಬೆಟ್ಟದಲ್ಲಿ ಸುತ್ತಿಗೆ ಸದ್ದು ಕೇಳಿದರೆ ಸಾಕು, ನಿಧಿ ತೆಗೆಯಲು ಬಂದವರು ಎಂದು ಮುತ್ತಿಕೊಳ್ಳುತ್ತಿದ್ದರು. ಭರಮಸಾಗರದ ಕಡೆ ಒಮ್ಮೆ ಒಬ್ಬ ಗೌಡರು ಜೀಪಿಗೆ ಅಡ್ಡ ನಿಂತು ಚೀಲ ಬಿಚ್ಚಿಸಿದರು. ಒಳಗೆ ಬರೀ ಕಲ್ಲು.

"ಎಲ್ಲಿ ಬಚ್ಚಿಟ್ಟೀರಿ ಹೇಳ್ರಿ."

"ಇಷ್ಟೇ ಕಣ್ರಿ ಗೌಡ್ರೆ," ಎಂದೆ.

"ಕಲ್ಲು ಒಯ್ಯಾಕೆ ಸರ್ಕಾರ ಜೀಪು, ಡ್ರೈವರು, ನಿಮ್ಮಂಥ ಹೆಣ್ಮಗಳನ್ನ ಕಳಿಸ್ತೈತಾ? ನಮ್ಮನ್ನ ಕುರಿ ಅಂದ್ಕಂಡೀರಾ?"

ಒಂದೊಂದು ಕಲ್ಲನ್ನೂ ಅಲುಗಾಡಿಸಿ ನೋಡಿದ ಮೇಲೆಯೇ ಅವರು ದಾರಿ ಬಿಟ್ಟಿದ್ದು.

ದೊಡ್ಡ ಸಾಹೇಬರು ನಿವೃತ್ತರಾದ ಮೇಲೆ ಮೇಡಂ ಬಂದರು. ಮೈಸೂರು ಕಡೆಯವರು, ಚಿಕ್ಕ ವಯಸ್ಸು, ದೊಡ್ಡ ಶಿಸ್ತು. ಕಲ್ಲನ್ನು ನೆಕ್ಕುತ್ತಿರಲಿಲ್ಲ, ನೀರಿನ ಸ್ಪ್ರೇ ಇಟ್ಟುಕೊಂಡಿದ್ದರು. ಕಲ್ಲುಕೋಣೆಗೆ ಒಂದು ನಿಯಮ ಬರೆದು ಅಂಟಿಸಿದರು: ಒಂದು ಚೀಲದ ಕಲ್ಲಿಗೆಲ್ಲ ನಂಬರು ಬರೆದು ಮುಗಿಸದೆ ಇನ್ನೊಂದು ಚೀಲ ಬಿಚ್ಚಬಾರದು. ಕಲ್ಲಿನ ಮೇಲೆ ಬಿಳಿ ಬೊಟ್ಟು, ನಂಬರು ಬಿಟ್ಟು ಬೇರೇನೂ ಹಚ್ಚಬಾರದು.

ಆಗ ಜೀಪು ಓಡಿಸುತ್ತಿದ್ದವನು ಓಬಳೇಶ. ನನಗಿಂತ ಹತ್ತು ವರ್ಷಕ್ಕೆ ಚಿಕ್ಕವನು, ನನ್ನನ್ನು ಅಕ್ಕ ಅನ್ನುತ್ತಿದ್ದ. ಹನ್ನೊಂದು ವರ್ಷದಿಂದ ದಿನಗೂಲಿ. ಅವನನ್ನು ಕಾಯಂ ಮಾಡುವ ಫೈಲು ಕೊನೆಗೂ ಮೇಡಂ ಮೇಜಿಗೆ ಬಂದಿತ್ತು, ಒಂದು ಸಹಿ ಬಾಕಿ. "ಅಕ್ಕ, ಆರ್ಡರ್ ಬಂದ ದಿನ ನಿಂಗೆ ಹೋಳಿಗೆ ಊಟ," ಎನ್ನುತ್ತಿದ್ದ. "ತುಪ್ಪ ಎಷ್ಟು ಹಾಕ್ತೀಯ ಅದ್ನ ಮೊದ್ಲು ಹೇಳು," ಎನ್ನುತ್ತಿದ್ದೆ.

ಆಗ ನಮ್ಮೂರ ಬೋಳುಗುಡ್ಡದ ವಿಷಯ ಬಂತು. ತಾಳ್ಯದಿಂದ ಒಂದು ಹರದಾರಿ ದೂರದ ಗುಡ್ಡ ಅದು, ನಾನು ಚಿಕ್ಕವಳಿದ್ದಾಗ ಕುರಿ ಮೇಯಿಸಿದ್ದು. ಒಬ್ಬ ಕ್ವಾರಿಯವನು ಅದನ್ನು ಒಡೆಯಲು ಅನುಮತಿ ಕೇಳಿದ್ದ. ಅಲ್ಲಿ ಮರಡಿಹಳ್ಳಿಯಂಥದೇ ಲಾವಾ ದಿಂಬುಗಳಿವೆ, ಒಡೆಯಬಾರದು ಎಂದು ಮೇಡಂ ಹೇಳುತ್ತಿದ್ದರು. ಅದಕ್ಕೆ ಕಲ್ಲಿನ ಪರೀಕ್ಷೆಯ ವರದಿ ಬೇಕು. ಆಯುಧಪೂಜೆಯ ಹಿಂದಿನ ದಿನ ಮೇಡಂ ಬೆಳಿಗ್ಗೆ ಹೊಸದುರ್ಗ ತಾಲ್ಲೂಕು ಶ್ರೀರಾಂಪುರದ ಕಡೆಯ ಒಂದು ಗುಡ್ಡದಿಂದ ಮೂರು ಕಲ್ಲು, ಮಧ್ಯಾಹ್ನ ಬೋಳುಗುಡ್ಡದಿಂದ ಮೂರು ಕಲ್ಲು ಒಡೆದು, ಎರಡು ಚೀಲ ಕಟ್ಟಿ, ಒಳಗೆ ಚೀಟಿ ಇಟ್ಟು ಜೀಪಿಗೆ ಹಾಕಿದರು. ಅಲ್ಲಿಂದ ಅವರು ಬೇರೆ ಕಾರಿನಲ್ಲಿ ದಾವಣಗೆರೆಗೆ ಮೀಟಿಂಗಿಗೆ ಹೋದರು. ಚೀಲಗಳನ್ನು ಆಫೀಸಿಗೆ ಮುಟ್ಟಿಸಿದ್ದು ಓಬಳೇಶ ಒಬ್ಬನೇ.

ಅವತ್ತು ನಾನು ರಜೆ ಹಾಕಿ ತವರಿಗೆ ಹೋಗಿದ್ದೆ. ಸಂಜೆ ಬಸ್ಸಿಗೆ ಕಾಯುತ್ತಿದ್ದಾಗ ತಾಳ್ಯದ ಹೋಟೆಲಿನ ಮುಂದೆ ನಮ್ಮ ಜೀಪು ಕಂಡಿತು. ಒಳಗೆ ಓಬಳೇಶ ಚಾ ಕುಡಿಯುತ್ತಿದ್ದ. ಎದುರಿಗೆ ಕೂತಿದ್ದವನು ಅದೇ ಕ್ವಾರಿಯವನು, ಅರ್ಜಿ ಹಿಡಿದು ಆಫೀಸಿಗೆ ಬಂದಾಗ ನೋಡಿದ್ದೆ. ಇಬ್ಬರೂ ನಗುತ್ತಿದ್ದರು. ನಾನು ಸೆರಗು ಮುಂದೆ ಎಳೆದುಕೊಂಡು ಬಸ್ಸು ಹತ್ತಿದೆ. ಆದರೆ ಆ ನಗುವನ್ನು ಮನಸ್ಸಿನ ಒಂದು ಟ್ರೇಯಲ್ಲಿ ನಂಬರು ಹಾಕಿ ಇಟ್ಟುಕೊಂಡೆ.

ಎರಡು ತಿಂಗಳಿಗೆ ಲ್ಯಾಬಿನಿಂದ ವರದಿ ಬಂತು. ಮೇಡಂ ನನ್ನನ್ನು ಕರೆದರು. ಮುಖ ಕೆಂಪಾಗಿತ್ತು.

"ಕೆಂಚಮ್ಮ, ಬೋಳುಗುಡ್ಡದ ಕಲ್ಲು ಲಾವಾ ಅಲ್ಲ ಅಂತ ಬಂದಿದೆ. ಶ್ರೀರಾಂಪುರದ ಕಡೆಯದು ಲಾವಾ ಅಂತೆ! ನಾನು ಎರಡೂ ಗುಡ್ಡ ಕಣ್ಣಾರೆ ನೋಡಿದೀನಿ. ಅದಲುಬದಲಾಗಿದೆ. ಇದರಿಂದ ಲಾಭ ಯಾರಿಗೆ?"

"ಕ್ವಾರಿಯೋನಿಗೆ," ಎಂದೆ.

"ಚೀಲ ಯಾರ ಹತ್ತಿರ ಇತ್ತು?"

ನಾನು ಮನಸ್ಸಿನ ಟ್ರೇ ಎಳೆದು ಆ ನಗುವನ್ನು ಮೇಡಂ ಮುಂದೆ ಇಟ್ಟೆ. ತಾಳ್ಯ, ಹೋಟೆಲು, ಚಾ, ಎಲ್ಲ. ಹೇಳುವಾಗ ನನಗೆ ಖುಷಿಯೇ ಆಯಿತು, ಸುಳ್ಳು ಹೇಳುವುದಿಲ್ಲ. ಇಷ್ಟು ವರ್ಷ ಅನುಮಾನ ಪಟ್ಟಿದ್ದು ಒಮ್ಮೆಯಾದರೂ ಕೆಲಸಕ್ಕೆ ಬಂತಲ್ಲ ಎಂದು.

ಮರುದಿನ ಓಬಳೇಶನ ಫೈಲು ಮೇಡಂ ಮೇಜಿನಿಂದ ಬೀರುವಿಗೆ ಹೋಯಿತು. ಮೂರನೆಯ ದಿನ ಜೀಪಿನ ಕೀ ತೆಗೆದುಕೊಂಡರು. ವಿಚಾರಣೆಗೆ ಮೇಲಿನವರು ಬರುತ್ತಾರೆ, ಆಮೇಲೆ ಅವನನ್ನು ತೆಗೆದುಹಾಕುತ್ತಾರೆ ಎಂದು ಗುಮಾಸ್ತರು ಹೇಳಿಕೊಂಡು ಓಡಾಡಿದರು. ಅವನು ನನ್ನ ಕೋಣೆಯ ಹೊಸ್ತಿಲ ಮೇಲೆ ಬಂದು ಕೂತ.

"ಯಾರೋ ಏನೋ ಹೇಳವ್ರೆ ಅಕ್ಕ. ನಾನು ಆ ಚೀಲ ಮುಟ್ಟಿಲ್ಲ. ಎತ್ತಿ ಇಟ್ಟಿದ್ದು ಬಿಟ್ರೆ ಗಂಟೂ ಬಿಚ್ಚಿಲ್ಲ. ಮನೆ ದೇವ್ರಾಣೆ."

"ಚಾ ಯಾಕೆ ಕುಡಿದೆ?"

ಅವನು ತಲೆ ಎತ್ತಿ ನನ್ನನ್ನು ನೋಡಿದ. ನಾನು ತಾಳ್ಯದ ಹೆಸರು ಹೇಳಿರಲಿಲ್ಲ, ಕ್ವಾರಿಯವನ ಹೆಸರೂ ಹೇಳಿರಲಿಲ್ಲ. ಅವನಿಗೆ ಗೊತ್ತಾಗಿಬಿಟ್ಟಿತು. ಎದ್ದು ಹೋದ.

ಆ ನೋಟ ನನಗೆ ಸರಿಬರಲಿಲ್ಲ. ಕಳ್ಳನಾಗಿದ್ದರೆ ಜಗಳವಾಡಬೇಕಿತ್ತು. ವಿಚಾರಣೆಗೆ ಮುಂಚೆ ಗಟ್ಟಿ ಸಾಕ್ಷಿ ನಾನೇ ಹುಡುಕಿಟ್ಟರೆ ನನ್ನ ಮನಸ್ಸಿಗೂ ಸಮಾಧಾನ ಎಂದುಕೊಂಡೆ. ಲ್ಯಾಬಿಗೆ ಕಳಿಸುವ ಮುನ್ನ ಪ್ರತಿ ಕಲ್ಲನ್ನೂ ಎರಡು ತುಂಡು ಮಾಡಿ ಒಂದನ್ನು ನಾವೇ ಇಟ್ಟುಕೊಳ್ಳುವುದು ಪದ್ಧತಿ. ಆ ತುಂಡುಗಳ ಟ್ರೇ ಎಳೆದು, ಬಾಗಿಲು ಮುಚ್ಚಿ, ಕಿಟಕಿಯ ಬಿಸಿಲಿಗೆ ಹಿಡಿದು, ಮೇಡಂ ಲೆನ್ಸಿನಿಂದ ನೋಡಿದೆ. ಶ್ರೀರಾಂಪುರದ ನಂಬರು ಹೊತ್ತ ಕಲ್ಲಿನಲ್ಲಿ ಸಾಸಿವೆ ಗಾತ್ರದ ತೂತುಗಳಿದ್ದವು. ಸರಿ, ಇದು ಲಾವಾ, ಬೋಳುಗುಡ್ಡದ್ದು. ಬದಲಾಗಿರುವುದು ಖಚಿತ.

ಒಂದು ತೂತಿನೊಳಗೆ ಕೆಂಪಗೆ ಏನೋ ಇತ್ತು.

ತುಕ್ಕು ಇರಬೇಕು ಎಂದುಕೊಂಡೆ. ಸೆರಗಿನ ಪಿನ್ನು ತೆಗೆದು ಕೆದಕಿದೆ. ಬಿಳಿ ಕಾಗದದ ಮೇಲೆ ಉದುರಿದ್ದನ್ನು ಬೆರಳಿನಿಂದ ಉಜ್ಜಿದೆ. ತುಕ್ಕು ಅಷ್ಟು ಕೆಂಪಗೆ ಹರಡುವುದಿಲ್ಲ. ಅದು ಕುಂಕುಮ.

ಅದನ್ನು ಹಚ್ಚಿದ್ದು ಯಾರೆಂದು ನನಗೆ ಗೊತ್ತಿತ್ತು.

ಆಯುಧಪೂಜೆಯ ದಿನ ಆಫೀಸಿನಲ್ಲಿ ಸುತ್ತಿಗೆ, ದಿಕ್ಸೂಚಿ, ಜೀಪು ಎಲ್ಲಕ್ಕೂ ಕುಂಕುಮ ಹಚ್ಚುತ್ತಾರೆ. ನಮ್ಮ ಯಜಮಾನರು ಇದ್ದಾಗ ಆ ಕುಂಕುಮದ ತಟ್ಟೆ ಹಿಡಿಯುವುದು ನನ್ನ ಪಾಲಿಗಿತ್ತು. ಅವರು ಹೋದ ಮೇಲೆ ಯಾರೂ ನನ್ನನ್ನು ಬೇಡ ಅನ್ನಲಿಲ್ಲ, ಆದರೆ ತಟ್ಟೆ ನನ್ನ ಕೈಗೆ ಕೊಡಲೂ ಇಲ್ಲ. ಎಲ್ಲರಿಗೂ ಸಂಕೋಚ. ಆ ವರ್ಷ ಬೆಳಿಗ್ಗೆ ಬೇಗ ಹೋದೆ. ಮೇಜಿನ ಮೇಲೆ ಎರಡು ಚೀಲ. ಬೋಳುಗುಡ್ಡದ ಚೀಲ ಬಿಚ್ಚಿ ಕಲ್ಲು ತೊಳೆದು ಅಂಗಳದಲ್ಲಿ ಗೋಣಿತಾಟಿನ ಮೇಲೆ ಇಟ್ಟೆ. ನಾನು ಓಡಾಡಿದ ಗುಡ್ಡ. ಮನೆಯಿಂದ ಪುಡಿಕೆಯಲ್ಲಿ ಕಟ್ಟಿಕೊಂಡು ಹೋಗಿದ್ದ ಕುಂಕುಮ ತೆಗೆದು ಮೂರಕ್ಕೂ ಒಂದೊಂದು ಬೊಟ್ಟು ಇಟ್ಟೆ. ಅಷ್ಟರಲ್ಲಿ ಗೇಟಿನ ಸದ್ದಾಯಿತು. ಒದ್ದೆ ಬಟ್ಟೆಯಿಂದ ಥಟ್ಟನೆ ಒರೆಸಿಬಿಟ್ಟೆ. ಮೇಲೆ ಹೋಯಿತು. ತೂತಿನೊಳಗಿನದು ಉಳಿಯಿತು. ಅಂದರೆ ಚೀಲ ನನ್ನ ಕೈಗೆ ಬಂದಾಗ ಕಲ್ಲು ಸರಿಯಾಗಿಯೇ ಇತ್ತು, ಅದಲುಬದಲಾದದ್ದು ಆಮೇಲೆ.

ಹಬ್ಬದ ಅವಸರ. ನಿಯಮ ಮುರಿದು ಎರಡನೆಯ ಚೀಲವನ್ನೂ ಬಿಚ್ಚಿ ತೊಳೆದು ಅದೇ ತಾಟಿನ ಮೇಲೆ ಹರಡಿದೆ. ಗಾಳಿಗೆ ಹಾರದಿರಲಿ ಎಂದು ಚೀಟಿಗಳನ್ನು ಒಂದು ಡಬ್ಬಿಗೆ ಹಾಕಿದೆ. ಪೂಜೆಗೆ ಜೀಪು ಅಂಗಳಕ್ಕೆ ಬರಬೇಕಿತ್ತು, ತಾಟನ್ನು ಕಲ್ಲಿನ ಸಮೇತ ಮಡಚಿ ಮೂಲೆಗೆ ಎಳೆದೆ. ಮಂಡಕ್ಕಿ, ತೆಂಗಿನಕಾಯಿ ಹಂಚಿ ಮುಗಿದ ಮೇಲೆ ತಾಟು ಬಿಚ್ಚಿದರೆ ಆರು ಕಲ್ಲೂ ಒಂದೇ ಗುಡ್ಡೆಯಾಗಿದ್ದವು.

ಬೆಳಿಗ್ಗೆ ಬೊಟ್ಟಿಡುವ ಭರದಲ್ಲಿ ಕಲ್ಲಿನ ಬಣ್ಣ, ತೂತು ಯಾವುದನ್ನೂ ಗಮನಿಸಿರಲಿಲ್ಲ. ಆದರೂ ನಾನು ಹೆದರಲಿಲ್ಲ. ಮಂದೆಯಲ್ಲಿ ಕುರಿಯ ಮುಖ ಗುರುತಿಸುವವಳಿಗೆ ಆರು ಕಲ್ಲು ಯಾವ ಲೆಕ್ಕ? ನಮ್ಮ ಬೋಳುಗುಡ್ಡದ ಬಂಡೆ ಎಮ್ಮೆಯಷ್ಟು ಕಪ್ಪು. ನಾನು ಅದರ ಮೇಲೆ ಕೂತು ಬುತ್ತಿ ಉಂಡವಳು. ಕಪ್ಪಗಿದ್ದ ಮೂರನ್ನು ಅತ್ತ, ಹಸಿರು ಛಾಯೆಯ ಮೂರನ್ನು ಇತ್ತ ಇಟ್ಟು, ಚೀಟಿ ನೋಡಿ ಬಿಳಿ ಬೊಟ್ಟು ಹಾಕಿ, ಸುರುಳಿ ಬಾಲದ ನಂಬರು ಬರೆದೆ. ಬೋಳುಗುಡ್ಡದ ಕಪ್ಪು ಬಿಸಿಲಿಗೆ ಸುಟ್ಟ ಹೊರಮೈ ಮಾತ್ರ. ಒಡೆದು ತೊಳೆದರೆ ಒಳಗೆ ಹಸಿರು. ಒದ್ದೆಯಾದಾಗಲೇ ನಿಜ ಕಾಣುತ್ತದೆ ಎಂದು ದೊಡ್ಡ ಸಾಹೇಬರು ಮೊದಲ ದಿನವೇ ಹೇಳಿದ್ದರು. ಕಲ್ಲು ಒದ್ದೆಯಾಗಿ ನಿಜ ತೋರಿಸುತ್ತಲೇ ಇತ್ತು, ನಾನು ನಂಬಿದ್ದು ನನ್ನ ನೆನಪನ್ನು.

ಕುಂಕುಮ ಉದುರಿದ ಆ ಕಾಗದವನ್ನು ಮಡಚಿ ಒಲೆಗೆ ಹಾಕಿದ್ದರೆ ಯಾರಿಗೂ ತಿಳಿಯುತ್ತಿರಲಿಲ್ಲ. ಆ ಆಲೋಚನೆ ಬರಲಿಲ್ಲ ಎಂದರೆ ನೀವು ನಂಬಬೇಡಿ. ಊಟದ ಹೊತ್ತಿನವರೆಗೂ ಬಂತು. ಆಮೇಲೆ ಕಲ್ಲು, ಕಾಗದ, ಪಿನ್ನು ಮೂರನ್ನೂ ಟ್ರೇಯಲ್ಲಿಟ್ಟುಕೊಂಡು ಮೇಡಂ ಕೋಣೆಗೆ ಹೋದೆ.

"ಮೇಡಂ, ಕಳ್ಳ ಸಿಕ್ಕ."

"ಯಾರು?"

"ಒಂಬತ್ತಕ್ಕೆ ಬಾಲ ಸುತ್ತೋರು."

ಎಲ್ಲ ಹೇಳಿದೆ. ತಟ್ಟೆಯ ವಿಷಯವನ್ನೂ ಹೇಳಿದೆ. ಮೇಡಂ ಲೆನ್ಸಿನಿಂದ ತೂತು ನೋಡಿದರು. ಕಲ್ಲನ್ನು ಟ್ರೇಯಲ್ಲಿಟ್ಟು ನನ್ನ ಕಡೆ ತಿರುಗಿದರು. ಬೈಯುತ್ತಾರೆ ಎಂದು ಕಾದೆ. "ಕೇಳಿದ್ದರೆ ತಟ್ಟೆ ನಾನೇ ಕೊಡ್ತಿದ್ದೆನಲ್ಲ ಕೆಂಚಮ್ಮ," ಎಂದರು. ಆಮೇಲೆ ಬೈದರು. ಚೆನ್ನಾಗಿಯೇ ಬೈದರು, ಎಚ್ಚರಿಕೆ ಪತ್ರವನ್ನೂ ಕೊಟ್ಟರು. ಆ ಪತ್ರ ಇನ್ನೂ ನನ್ನ ಟ್ರಂಕಿನಲ್ಲಿದೆ.

ಮೇಡಂ ಮತ್ತೆ ಬೋಳುಗುಡ್ಡಕ್ಕೆ ಹೋದರು. ಈ ಸಲ ಕಲ್ಲಿಗೆ ಬೆಟ್ಟದ ಮೇಲೇ ನಂಬರು ಬರೆದರು. ನೀವು ಈಗ ಫೋನಿನಲ್ಲಿ ಫೋಟೋ ಹಿಡಿದು ಜಾಗದ ಗುರುತನ್ನೂ ಸೇರಿಸುತ್ತೀರಿ. ನಮ್ಮಲ್ಲಿ ಬೆಟ್ಟದ ಮೇಲೆ ನಂಬರು ಹಾಕುವ ರೂಢಿ ಶುರುವಾದದ್ದು ನನ್ನ ಕುಂಕುಮದಿಂದ. ಎರಡನೆಯ ವರದಿ ಲಾವಾ ಎಂದಿತು, ಗುಡ್ಡ ಉಳಿಯಿತು. ಓಬಳೇಶನ ಫೈಲಿಗೆ ಸಹಿ ಬಿತ್ತು. ಹೋಳಿಗೆ ಊಟಕ್ಕೆ ಆಫೀಸಿನವರೆಲ್ಲ ಹೋದರು. ನನ್ನನ್ನು ಕರೆಯಲಿಲ್ಲ.

ನಾನೇ ಹೋಗಿ ಅವನ ಮುಂದೆ ನಿಂತೆ. "ಚಾ ವಿಷಯ ಹೇಳಿದ್ದು ನಾನೇ ಕಣಪ್ಪ. ನಂಬರು ತಪ್ಪು ಬರ್ದಿದ್ದೂ ನಾನೇ."

"ಮೊದ್ಲನೇದು ಅವತ್ತೇ ಗೊತ್ತಾಯ್ತು," ಎಂದ. ಅಷ್ಟೇ.

ಅಲ್ಲಿಂದ ಮುಂದೆ ಅವನು ಬೇರೆ ಮಾತಾಡಲಿಲ್ಲ. ಆದರೆ ಚೀಲ ತಂದಾಗಲೆಲ್ಲ ಇಟ್ಟು ಹೋಗುವುದನ್ನು ಬಿಟ್ಟ. ಬಾಗಿಲಲ್ಲಿ ಕೈಕಟ್ಟಿ ನಿಲ್ಲುತ್ತಿದ್ದ. "ನನ್ನ ಮುಂದೇ ಬಿಚ್ರಿ ಅಕ್ಕ." ನಾನು ಬಿಚ್ಚಿ, ತೊಳೆದು, ಒಣಗಿಸಿ, ಕೊನೆಯ ನಂಬರು ಬರೆಯುವವರೆಗೆ ನಿಂತು ನೋಡಿ ಹೋಗುತ್ತಿದ್ದ. ಮೊದಮೊದಲು ಮೈ ಉರಿಯುತ್ತಿತ್ತು. ಆಮೇಲೆ ಅವನು ಬರುವ ತನಕ ಚೀಲದ ಗಂಟು ಬಿಚ್ಚಲು ನನಗೇ ಕೈ ಬರುತ್ತಿರಲಿಲ್ಲ. ಹೀಗೆ ಒಂಬತ್ತು ವರ್ಷ.

ನಾನು ನಿವೃತ್ತಳಾದ ದಿನ ಸಂಜೆ ಒಂದು ಚೀಲ ತಂದ. ಒಳಗೆ ಒಂದೇ ಕಲ್ಲು, ಚೀಟಿಯಲ್ಲಿ 'ಬೋಳುಗುಡ್ಡ' ಎಂದು ಅವನ ಕೈಬರಹ. ನಾನು ಕಲ್ಲನ್ನು ಎತ್ತಿಕೊಂಡು ನಾಲಿಗೆ ಹಚ್ಚಿದೆ. ಹಸಿರು ಎದ್ದು ಬಂತು.

"ಇನ್ನೂ ಅನುಮಾನಾನಾ ನನ್ ಮೇಲೆ?" ಎಂದು ನಕ್ಕ. ಒಂಬತ್ತು ವರ್ಷದಲ್ಲಿ ನನ್ನ ಮುಂದೆ ಅವನು ನಕ್ಕಿದ್ದು ಅದೇ ಮೊದಲು.

"ನಿನ್ ಮೇಲಲ್ಲ ಕಣಪ್ಪ, ನನ್ ಮೇಲೆ. ನಿಂತ್ಕ ಅಲ್ಲೇ, ನಂಬರು ಬರಿಯಾಗಂಟ. ಅಂದಂಗೆ ಆ ಚಾ ಯಾಕೆ ಕುಡಿದೆ?"

"ಅದ್ನ ಹೇಳಾಕಿಲ್ಲ," ಎಂದ. "ಅನುಮಾನ ಪಡಾಕೆ ನಿಂಗೂ ಏನಾರ ಬೇಕಲ್ಲ ಮನೆಯಾಗೆ."

ಆ ಕಲ್ಲು ಈಗ ನಮ್ಮ ದೇವರ ಗೂಡಿನಲ್ಲಿದೆ. ಬಿಳಿ ಬೊಟ್ಟಿನ ಮೇಲೆ ನಂಬರು, ಅದರ ಪಕ್ಕದಲ್ಲಿ ಕುಂಕುಮ. ಆಯುಧಪೂಜೆಗೆ ಹಚ್ಚುತ್ತೇನೆ. ಗೇಟಿನ ಸದ್ದು ಕೇಳಿದರೂ ಒರೆಸುವುದಿಲ್ಲ.